ಇನ್ವರ್ಟ್ ಎಲ್ಲಿಂದ ಬಂತು?

ಆಹಾರ ಕಾರ್ಖಾನೆಗಳ ಲ್ಯಾಬಿಗೆ ಹೊಸದಾಗಿ ಸೇರುವ ಹುಡುಗ ಹುಡುಗಿಯರು ಯಾರದಾದರೂ ಪರಿಚಯ ಹೇಳಿಕೊಂಡು ಈಗಲೂ ನನ್ನ ಮನೆಗೆ ಬರುತ್ತಾರೆ. ಕಾಫಿ ಲೋಟ ಕೈಗೆ ಬರುವ ಮುಂಚೆಯೇ ಪ್ರಶ್ನೆ ಶುರು. “ಮೇಡಂ, ಇನ್ವರ್ಟ್ ಶುಗರ್ ಅಂದ್ರೇನು ಅಂತ ಒಂದೇ ಲೈನಲ್ಲಿ ಹೇಳ್ಬಿಡಿ, ಇಂಟರ್‌ವ್ಯೂನಲ್ಲಿ ಕೇಳ್ತಾರಂತೆ.” ಒಂದೇ ಸಾಲಿನಲ್ಲಿ ಹೇಳಬಹುದು, ಅದೇನು ಬ್ರಹ್ಮವಿದ್ಯೆಯಲ್ಲ. ನಾವು ಕಾಫಿಗೆ ಹಾಕುವ ಸಕ್ಕರೆ ನೀರು, ಹುಳಿ, ಬಿಸಿ ಈ ಮೂರರ ಕೈಗೆ ಒಟ್ಟಿಗೆ ಸಿಕ್ಕರೆ ಗ್ಲೂಕೋಸ್ ಮತ್ತು ಫ್ರಕ್ಟೋಸ್ ಎಂದು ಎರಡಾಗಿ ಒಡೆಯುತ್ತದೆ. ಹಾಗೆ ಒಡೆದು ಬಂದ ಸಮಪಾಲಿನ ಬೆರಕೆಯೇ ಇನ್ವರ್ಟ್. ಇಷ್ಟು ಹೇಳಿದರೆ ಇಂಟರ್‌ವ್ಯೂ ಪಾಸು. ಆದರೆ ಕೆಲಸಕ್ಕೆ ಸೇರಿದ ಮೇಲೆ ಪದದ ಅರ್ಥ ಗೊತ್ತಿದ್ದರೆ ಸಾಲದು. ಆ ಪದವನ್ನು ವರದಿಯಲ್ಲಿ ಬರೆದರೆ ಅದು ಯಾರ ತಲೆಯ ಮೇಲೆ ಹೋಗಿ ಕೂರುತ್ತದೆ ಎನ್ನುವುದೂ ಗೊತ್ತಿರಬೇಕು. ಅದನ್ನು ನಾನು ಕಲಿತದ್ದು ಕಾಲೇಜಿನಲ್ಲಲ್ಲ, ಪೀಣ್ಯದಲ್ಲಿ.

ನನ್ನ ಬಡ್ತಿ, ಇನ್ಕ್ರಿಮೆಂಟು, ಕೊನೆಯ ದಿನ ಹೊದಿಸಿದ ಶಾಲು ಇವನ್ನೆಲ್ಲ ಇಲ್ಲಿ ಬರೆಯುವುದಿಲ್ಲ. ಅವು ಎಲ್ಲರಿಗೂ ಸಿಗುತ್ತವೆ, ಓದುವವರಿಗೆ ಆಕಳಿಕೆ ಬರುತ್ತದೆ.

ತೊಂಬತ್ತರ ದಶಕದ ಆರಂಭದಲ್ಲಿ ದಾವಣಗೆರೆಯಿಂದ ಎಂಎಸ್ಸಿ ಮುಗಿಸಿಕೊಂಡು ಬಂದ ನಾನು ಪೀಣ್ಯ ಎರಡನೇ ಹಂತದ ಒಂದು ಮಿಠಾಯಿ ಕಾರ್ಖಾನೆಯ ಲ್ಯಾಬಿಗೆ ಸೇರಿದೆ. ಗಟ್ಟಿ ಸಕ್ಕರೆ ಮಿಠಾಯಿ, ಅಂದರೆ ಅಂಗಡಿಯ ಗಾಜಿನ ಭರಣಿಯಲ್ಲಿ ಬಣ್ಣದ ಕಾಗದ ಸುತ್ತಿಕೊಂಡು ಕೂತಿರುತ್ತದಲ್ಲ, ಆ ಜಾತಿಯದು. ಪುದೀನ, ನಿಂಬೆ, ಕಿತ್ತಳೆ, ಶುಂಠಿ ಇವು ನಮ್ಮ ಮುಖ್ಯ ಸರಕು. ಅಕ್ಕಪಕ್ಕದಲ್ಲಿ ಲೇತ್ ಶಾಪುಗಳು, ಎದುರಿಗೆ ಲೋಹಕ್ಕೆ ಲೇಪ ಕೊಡುವ ಒಂದು ಪ್ಲೇಟಿಂಗ್ ಶಾಪು. ಇಡೀ ಪೀಣ್ಯ ಯಂತ್ರ ತಣಿಸುವ ಕೂಲೆಂಟ್ ಎಣ್ಣೆಯ ವಾಸನೆ ಹೊಡೆಯುತ್ತಿದ್ದರೆ ನಮ್ಮ ಕ್ರಾಸು ಮಾತ್ರ ಮದುವೆಮನೆಯ ಹಿತ್ತಲಿನಂತೆ ಘಮಘಮ ಅನ್ನುತ್ತಿತ್ತು. ಊರಲ್ಲಿ ನನ್ನ ಸೋದರಮಾವ, “ಎಂಎಸ್ಸಿ ಓದಿ ಪೆಪ್ಪರಮೆಂಟ್ ಮಾಡಾಕ ಹೊಂಟಿಯೇನು” ಎಂದು ನಕ್ಕಿದ್ದರು. ಹೌದು, ಹೊರಟಿದ್ದೆ. ಇಡೀ ಕೆಲಸದ ಬದುಕಿನಲ್ಲಿ ಅದಕ್ಕಾಗಿ ಒಂದು ದಿನವೂ ಪಶ್ಚಾತ್ತಾಪ ಪಟ್ಟಿಲ್ಲ.

ಲ್ಯಾಬಿನ ಮುಖ್ಯಸ್ಥರು ರಾಮಮೂರ್ತಿಗಳು. ಮಂಡ್ಯದ ಕಡೆ ಸಕ್ಕರೆ ಕಾರ್ಖಾನೆಯಲ್ಲಿ ಬಹಳ ವರ್ಷ ದುಡಿದು ಇಲ್ಲಿಗೆ ಬಂದವರು. ಹಣೆಗೆ ಗಂಧ, ಜೇಬಿನಲ್ಲಿ ನಶ್ಯದ ಡಬ್ಬಿ, ಬಾಯಲ್ಲಿ ಯಾವಾಗಲೂ ಒಂದು ಗಾದೆ. ನನ್ನನ್ನು ಮೊದಲ ವಾರವೇ ಕತ್ತಲೆ ಕೋಣೆಗೆ ಕರೆದುಕೊಂಡು ಹೋಗಿ ಪೋಲಾರಿಮೀಟರ್ ಮುಂದೆ ಕೂರಿಸಿದರು. ಹಿತ್ತಾಳೆಯ ಉದ್ದನೆಯ ಕೊಳವೆ, ಹಿಂದೆ ಹಳದಿ ಬೆಳಕಿನ ದೀಪ, ಮುಂದೆ ಕಣ್ಣಿಟ್ಟು ನೋಡುವ ಮಸೂರ. ಬೆಳಕನ್ನು ಒಂದೇ ದಿಕ್ಕಿನಲ್ಲಿ ಕಂಪಿಸುವಂತೆ ಮಾಡಿ ಸಕ್ಕರೆ ನೀರಿನೊಳಗೆ ಹಾಯಿಸುತ್ತಾರೆ. ಸಕ್ಕರೆ ಆ ಬೆಳಕನ್ನು ಬಲಕ್ಕೆ ತಿರುಗಿಸುತ್ತದೆ. ಎಷ್ಟು ತಿರುಗಿಸಿತು ಎಂದು ಡಯಲ್ ನೋಡಿ ಬರೆದುಕೊಳ್ಳಬೇಕು.

“ಈಗ ಇದೇ ನೀರಿಗೆ ಸ್ವಲ್ಪ ಆಸಿಡ್ ಹಾಕಿ ಬಿಸಿ ಮಾಡ್ಕೊಂಡು ಬಾಮ್ಮ” ಎಂದರು. ಮಾಡಿ, ಆರಿಸಿ, ಕೊಳವೆಗೆ ತುಂಬಿಸಿ ತಂದೆ. ಕಣ್ಣಿಟ್ಟರೆ ಬಲಗಡೆ ಎಷ್ಟು ಹುಡುಕಿದರೂ ಸರಿಹೊಂದುತ್ತಿಲ್ಲ. ರಾಮಮೂರ್ತಿಗಳು ಹಿಂದೆ ನಿಂತು ನಗುತ್ತಿದ್ದರು. “ಎಡಕ್ಕೆ ತಿರುಗಿಸು.” ತಿರುಗಿಸಿದೆ. ಸೊನ್ನೆಯನ್ನು ದಾಟಿ ಎಡಗಡೆ ಹೋಗಿ ಕೂತಿತ್ತು. ಒಡೆದು ಬಂದ ಎರಡರಲ್ಲಿ ಗ್ಲೂಕೋಸ್ ಬಲಕ್ಕೆ ಎಳೆದರೆ ಫ್ರಕ್ಟೋಸ್ ಅದಕ್ಕಿಂತ ಜೋರಾಗಿ ಎಡಕ್ಕೆ ಎಳೆಯುತ್ತದೆ. ಹೀಗೆ ಬಲದ್ದು ಎಡವಾಗಿ ಮಗುಚಿಕೊಳ್ಳುವುದರಿಂದಲೇ ಇದಕ್ಕೆ ಇನ್ವರ್ಟ್ ಎಂಬ ಹೆಸರು ಬಂತು. ಹೆಸರಿನಲ್ಲೇ ಕಥೆ ಇದೆ ಎಂದು ನನಗೆ ಅಂದು ತುಂಬಾ ಖುಷಿಯಾಯಿತು. ಈಗಿನ ಲ್ಯಾಬುಗಳಲ್ಲಿ ಗುಂಡಿ ಒತ್ತಿದರೆ ಪರದೆಯ ಮೇಲೆ ಅಂಕಿ ಬರುತ್ತದೆ. ಒಳ್ಳೆಯದೇ, ನನಗೆ ಹಳೆಯದರ ವ್ಯಾಮೋಹವಿಲ್ಲ. ಆದರೆ ಒಮ್ಮೆಯಾದರೂ ಕೈಯಾರೆ ಡಯಲ್ ತಿರುಗಿಸಿ ಸೊನ್ನೆ ದಾಟಿದವರಿಗೆ ಆ ಪದ ಮರೆಯುವುದಿಲ್ಲ.

ಹೊಸಬರು ಮಾಡುವ ಮೊದಲ ತಪ್ಪು ಇನ್ವರ್ಟ್ ಅಂದರೆ ಕೆಟ್ಟದ್ದು ಎಂದುಕೊಳ್ಳುವುದು. ನಮ್ಮಮ್ಮ ಬಾದುಷಾಕ್ಕೆ ಪಾಕ ಇಡುವಾಗ ನಿಂಬೆಹಣ್ಣಿನ ಹೋಳು ಹಿಂಡುತ್ತಿದ್ದಳು. ಕೇಳಿದರೆ “ಪಾಕ ಹಳ್ಳುಕಟ್ಟಬಾರದು” ಎನ್ನುತ್ತಿದ್ದಳು. ಆ ಹುಳಿಯಿಂದ ಒಂದಷ್ಟು ಸಕ್ಕರೆ ಇನ್ವರ್ಟ್ ಆಗಿ ಉಳಿದದ್ದನ್ನು ಮತ್ತೆ ಹರಳಾಗದಂತೆ ತಡೆಯುತ್ತಿತ್ತು. ಬೇಕಾದಷ್ಟಿದ್ದರೆ ಇನ್ವರ್ಟ್ ಗೆಳೆಯ. ಹೆಚ್ಚಾದರೆ ಗಾಳಿಯಲ್ಲಿರುವ ನೀರನ್ನೆಲ್ಲ ಎಳೆದುಕೊಂಡು ಮಿಠಾಯಿಯನ್ನು ಅಂಟಂಟು ಮಾಡಿಬಿಡುತ್ತದೆ. ಬೆಂಗಳೂರಿನ ಒಣ ಹವೆಯಲ್ಲಿ ಅದು ಗೊತ್ತೇ ಆಗುವುದಿಲ್ಲ. ಸರಕು ಘಟ್ಟ ಇಳಿದು ಮಂಗಳೂರು ಮುಟ್ಟಿದಾಗ ಬಣ್ಣ ಬಯಲಾಗುತ್ತದೆ.

ಎರಡನೇ ತಪ್ಪು ಇನ್ನೂ ದೊಡ್ಡದು. ಒಮ್ಮೆ ವೈಟ್‌ಫೀಲ್ಡ್ ಕಡೆಯ ಒಂದು ಖಾಸಗಿ ಪರೀಕ್ಷಾಲಯ ನಮ್ಮ ಪುದೀನ ಮಿಠಾಯಿಯಲ್ಲಿ ಇನ್ವರ್ಟ್ ವಿಪರೀತ ಇದೆ ಎಂದು ನಮ್ಮ ಗಿರಾಕಿಯೊಬ್ಬರಿಗೆ ವರದಿ ಕೊಟ್ಟಿತು. ನಾನು ಮೆಜೆಸ್ಟಿಕ್‌ನಲ್ಲಿ ಬಸ್ಸು ಬದಲಿಸಿ, ಮಾರತ್ತಹಳ್ಳಿ ದಾಟಿ, ಧೂಳು ಕುಡಿಯುತ್ತಾ ಅಲ್ಲಿಗೆ ಹೋದೆ. ಅಲ್ಲಿನ ತರುಣ ಕೆಮಿಸ್ಟ್ ತಾಮ್ರದ ನೀಲಿ ದ್ರಾವಣದಲ್ಲಿ ಪರೀಕ್ಷೆ ಮಾಡಿ, ಅದಕ್ಕೆ ಸ್ಪಂದಿಸಿದ ಸಕ್ಕರೆಯನ್ನೆಲ್ಲ ಇನ್ವರ್ಟ್ ಎಂದು ಬರೆದಿದ್ದ. ನಾವು ಮಿಠಾಯಿಗೆ ಲಿಕ್ವಿಡ್ ಗ್ಲೂಕೋಸ್ ಹಾಕುತ್ತೇವೆ. ಅದೂ ಆ ನೀಲಿ ದ್ರಾವಣಕ್ಕೆ ಹಾಗೇ ಸ್ಪಂದಿಸುತ್ತದೆ. ನಾವೇ ಹಾಕಿದ್ದನ್ನು ಲೆಕ್ಕದಿಂದ ಕಳೆಯದೆ ಎಲ್ಲವನ್ನೂ ಸಕ್ಕರೆ ಒಡೆದು ಬಂದದ್ದು ಅಂದರೆ ಹೇಗೆ? “ಪರೀಕ್ಷೆ ಸರಿಯಾಗೇ ಮಾಡಿದೀರಿ. ಆದ್ರೆ ಇದು ಎಲ್ಲಿಂದ ಬಂತು ಅಂತ ಕೇಳ್ಲಿಲ್ಲ” ಎಂದೆ. ಆತ ಒಳ್ಳೆಯವನು, ವರದಿ ತಿದ್ದಿ ಕೊಟ್ಟ. ಅಂದಿನಿಂದ ನನ್ನ ಕೈಕೆಳಗೆ ಕೆಲಸ ಮಾಡಿದವರಿಗೆಲ್ಲ ಒಂದೇ ಪಾಠ ಹೇಳುತ್ತಾ ಬಂದೆ. ಇನ್ವರ್ಟ್ ಎಷ್ಟು ಎಂದು ಬರೆಯುವ ಮುಂಚೆ ಎಲ್ಲಿಂದ ಬಂತು ಎಂದು ಕೇಳಿ.

ಈ ಪಾಠದ ನಿಜವಾದ ಪರೀಕ್ಷೆ ಬಂದದ್ದು ಶುಂಠಿ ಕ್ಯಾಂಡಿಯ ವಿಷಯದಲ್ಲಿ.

ನಮ್ಮಲ್ಲಿ ಆಗ ಪಾಕ ಕಾಯಿಸುತ್ತಿದ್ದದ್ದು ತೆರೆದ ತಾಮ್ರದ ಬಾಣಲೆಗಳಲ್ಲಿ, ಗ್ಯಾಸ್ ಉರಿಯ ಮೇಲೆ. ಶುಂಠಿ ಬಾಣಲೆಯ ಯಜಮಾನ ಮಲ್ಲಪ್ಪ. ಜಮಖಂಡಿ ಕಡೆಯವನು. ಅವನ ತಂದೆ ಊರಿನ ಗಾಣದ ಮನೆಯಲ್ಲಿ ಬೆಲ್ಲ ಕಾಯಿಸುತ್ತಿದ್ದರಂತೆ. ಎತ್ತರದ ಆಳು, ಮಾತು ಕಮ್ಮಿ, ಮೀಸೆ ಜಾಸ್ತಿ. ಥರ್ಮಾಮೀಟರ್ ಹಿಡಿದು ನಾನು ಅವನ ಬಾಣಲೆಯ ಪಕ್ಕ ನಿಂತರೆ ಒಂದು ಹೆಜ್ಜೆ ಸರಿದು ಜಾಗ ಕೊಡುತ್ತಿದ್ದ, ಅಷ್ಟೇ. ಹೆಂಡತಿ ಊರಲ್ಲೇ ಇದ್ದಳು. ಆ ವರ್ಷ ಲಗ್ಗೆರೆಯಲ್ಲಿ ಒಂದು ಕೋಣೆ ಬಾಡಿಗೆಗೆ ಹಿಡಿದು ಅವಳನ್ನೂ ಮಗಳನ್ನೂ ಕರೆಸಿಕೊಂಡಿದ್ದ. ಮಗಳನ್ನು ಅಲ್ಲಿನ ಶಾಲೆಗೆ ಸೇರಿಸಿದ ದಿನ ಇಡೀ ಪಾಳಿಗೆ ಶೇಂಗಾ ಹೋಳಿಗೆ ಹಂಚಿದ್ದ.

ವರ್ಕ್ಸ್ ಮ್ಯಾನೇಜರ್ ದೇವರಾಜ್ ಮೆಕ್ಯಾನಿಕಲ್ ಇಂಜಿನಿಯರ್. ಯಂತ್ರಗಳ ವಿಷಯದಲ್ಲಿ ಮಹಾ ಬುದ್ಧಿವಂತರು. ರಾಸಾಯನಿಕ ಕ್ರಿಯೆ ಕಣ್ಣಿಗೆ ಕಾಣುವುದಿಲ್ಲವಲ್ಲ, ಹಾಗಾಗಿ ಅದರ ಮೇಲೆ ಅವರಿಗೆ ಅಷ್ಟು ನಂಬಿಕೆ ಇರಲಿಲ್ಲ. ಅವಸರದ ಮನುಷ್ಯ. ನಡೆಯುತ್ತಲೇ ಹೇಳುವುದು, ಹೇಳುತ್ತಲೇ ಮುಂದೆ ಹೋಗುವುದು. ನಂತರ ನಮ್ಮಲ್ಲಿ ನಿರ್ವಾತದಲ್ಲಿ ಪಾಕ ಕಾಯಿಸುವ ದೊಡ್ಡ ಯಂತ್ರ ಬಂತು. ಅದನ್ನು ಹಟ ಹಿಡಿದು ತರಿಸಿದವರೂ ಅವರೇ. ಅದರಿಂದ ಎಷ್ಟೋ ತೊಂದರೆ ತಪ್ಪಿತು ಎಂದು ಇಲ್ಲಿ ಹೇಳದಿದ್ದರೆ ಅವರಿಗೆ ಅನ್ಯಾಯ ಮಾಡಿದಂತೆ.

ಮಿಠಾಯಿ ಕಾರ್ಖಾನೆಯಲ್ಲಿ ಒಡಕು ಮಿಠಾಯಿ ಎನ್ನುವುದು ದಿನದಿನವೂ ಬೀಳುತ್ತದೆ. ಆಕಾರ ಕೆಟ್ಟದ್ದು, ತುಂಡಾದದ್ದು, ಕಾಗದ ಸರಿಯಾಗಿ ಸುತ್ತಿಕೊಳ್ಳದೆ ಉಳಿದದ್ದು. ಅದನ್ನು ಎಸೆಯುವುದಿಲ್ಲ, ನೀರಲ್ಲಿ ಕರಗಿಸಿ ಹೊಸ ಪಾಕಕ್ಕೆ ಸ್ವಲ್ಪ ಸ್ವಲ್ಪ ಸೇರಿಸುತ್ತಾರೆ. ಆದರೆ ನಿಂಬೆ ಮಿಠಾಯಿಯ ಒಡಕಿನಲ್ಲಿ ಹುಳಿ ಇರುತ್ತದೆ. ಹೊಸ ನಿಂಬೆ ಮಿಠಾಯಿ ಮಾಡುವಾಗ ನಾವು ಹುಳಿಯನ್ನು ಪಾಕ ಬಾಣಲೆಯಿಂದ ಇಳಿದು ಸ್ವಲ್ಪ ಆರಿದ ಮೇಲೆ ಹಾಕಿ ನಾದುತ್ತೇವೆ. ಅದರ ಒಡಕನ್ನು ಹಾಗೆಯೇ ಕರಗಿಸಿ ಬಾಣಲೆಗೆ ಸುರಿದರೆ ಹುಳಿ ಮೊದಲಿನಿಂದಲೂ ಪಾಕದ ಜೊತೆ ಕುದಿಯುತ್ತದೆ, ಸಕ್ಕರೆ ಒಡೆಯುತ್ತಲೇ ಹೋಗುತ್ತದೆ. ಅದಕ್ಕಾಗಿ ಹುಳಿ ಒಡಕಿಗೆ ನೀಲಿ ಡ್ರಮ್ಮು, ಉಳಿದದ್ದಕ್ಕೆ ಬಿಳಿ ಡ್ರಮ್ಮು. ನೀಲಿ ಡ್ರಮ್ಮಿನದಕ್ಕೆ ಸೋಡಾ ಹಾಕಿ ಹುಳಿ ಕೊಂದು, ಲ್ಯಾಬಿನವರು ಹೂಂ ಅಂದ ಮೇಲೆ ಮಾತ್ರ ಬಳಕೆ. ಇದು ರಾಮಮೂರ್ತಿಗಳು ಕಟ್ಟಿದ ಪದ್ಧತಿ.

ಇನ್ನೊಂದು ಪದ್ಧತಿ ಪೀಣ್ಯದ್ದು. ಆಯುಧಪೂಜೆಗೆ ಮುಂಚೆ ಕಾರ್ಖಾನೆ ಕನ್ನಡಿಯ ಹಾಗೆ ತೊಳೆದಿರಬೇಕು. ಲೇತ್ ಶಾಪಿನವರು ಲೋಹದ ಸಿಪ್ಪೆಯನ್ನೆಲ್ಲ ಗುಡಿಸಿ ಮಾರುತ್ತಾರೆ, ನಾವು ಒಡಕು ಮಿಠಾಯಿಯನ್ನೆಲ್ಲ ಕರಗಿಸಿ ಮುಗಿಸುತ್ತೇವೆ. ಹಬ್ಬದ ದಿನ ಹಳೆಯ ಸರಕು ಒಳಗಿದ್ದರೆ ಲಕ್ಷ್ಮಿ ಬಾಗಿಲಲ್ಲೇ ನಿಲ್ಲುತ್ತಾಳೆ ಎಂದು ನಂಬಿಕೆ. ಆ ವರ್ಷವೂ ಬಾಳೆಕಂಬ ಬಂತು, ಬೂದುಗುಂಬಳ ಬಂತು, ಡ್ರಮ್ಮುಗಳೆಲ್ಲ ಖಾಲಿಯಾಗಿ ತೊಳೆದು ಬೋರಲು ಹಾಕಿದ್ದವು. ರಾಮಮೂರ್ತಿಗಳು ಆ ವಾರ ರಜೆಯಲ್ಲಿದ್ದರು. ನಾನು ಲ್ಯಾಬಿನ ಬಾಗಿಲಿಗೆ ಮಾವಿನ ತೋರಣ ಕಟ್ಟುವುದರಲ್ಲಿದ್ದೆ. ನೀಲಿ ಡ್ರಮ್ಮಿನ ಬಗ್ಗೆ ಆ ಸಲ ನನ್ನನ್ನು ಯಾರೂ ಕೇಳಲಿಲ್ಲ. ಪೂಜೆ ಸೊಗಸಾಗಿ ಆಯಿತು.

ದೀಪಾವಳಿ ಕಳೆಯುತ್ತಿದ್ದಂತೆ ಮಂಗಳೂರು, ಉಡುಪಿ ಕಡೆಯಿಂದ ಶುಂಠಿ ಕ್ಯಾಂಡಿ ವಾಪಸು ಬರತೊಡಗಿತು. ಪೆಟ್ಟಿಗೆ ಬಿಚ್ಚಿದರೆ ಮಿಠಾಯಿಗಳು ಒಂದಕ್ಕೊಂದು ಅಂಟಿ ಒಂದೇ ಮುದ್ದೆ. ಕಾಗದ ಸುಲಿಯಲು ಹೋದರೆ ಜೊತೆಗೆ ಮಿಠಾಯಿಯೂ ಬರುತ್ತಿತ್ತು, ಅಂಟಿದ ಬೆರಳು ಮಾತ್ರ ಬಿಡುತ್ತಿರಲಿಲ್ಲ. ಎಲ್ಲವೂ ಆಯುಧಪೂಜೆಯ ಮುನ್ನಾದಿನ ಕಾಯಿಸಿದ ಪಾಕ. ಎಲ್ಲವೂ ಮಲ್ಲಪ್ಪನ ಬಾಣಲೆಯದು. ಪರೀಕ್ಷೆ ಮಾಡಿದೆ, ಗ್ಲೂಕೋಸ್ ಸಿರಪ್ಪಿನ ಪಾಲನ್ನು ಕಳೆದೆ. ಆದರೂ ಇನ್ವರ್ಟ್ ಇರಬೇಕಾದದ್ದಕ್ಕಿಂತ ಎಷ್ಟೋ ಪಟ್ಟು ಮೇಲಿತ್ತು.

ದೇವರಾಜ್ ಇಡೀ ಶಾಪಿನ ಮುಂದೆ ಒಂದೇ ಮಾತಿನಲ್ಲಿ ತೀರ್ಪು ಕೊಟ್ಟರು. “ಉರಿ ಜಾಸ್ತಿ ಕೊಟ್ಟು ಹೂವಿನ ಅಲಂಕಾರಕ್ಕೆ ಹೋಗಿದಾನೆ. ಪಾಕ ಸೀದಿದೆ. ಇಂಥವರನ್ನ ಇಟ್ಕೊಂಡ್ರೆ ಕಂಪನಿ ಉದ್ಧಾರ ಆಗಲ್ಲ. ನೀವು ವರದಿ ಕೊಡಿ ಗಿರಿಜಾ, ನಾನು ಪೇಪರ್ ಹಾಕ್ತೀನಿ.” ಪೇಪರ್ ಹಾಕುವುದು ಅಂದರೆ ಮಲ್ಲಪ್ಪನನ್ನು ತೆಗೆಯುವುದು. ಹೆಚ್ಚು ಹೊತ್ತು ಕಾಯಿಸಿದರೂ ಸ್ವಲ್ಪ ಇನ್ವರ್ಟ್ ಆಗುತ್ತದೆ ನಿಜ. ಅಷ್ಟೊಂದು ಆಗುವುದಿಲ್ಲ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದ ಹಾಗೆ ಆಗುತ್ತಿದೆ ಎಂದು ನನಗೆ ಅನ್ನಿಸಿತು.

ರಾಮಮೂರ್ತಿಗಳ ಹತ್ತಿರ ಹೋದೆ. ಅವರು ನಶ್ಯ ಏರಿಸಿಕೊಂಡು ನಿಧಾನವಾಗಿ ಹೇಳಿದರು: “ನಮ್ಮ ಕೆಲಸ ನಂಬರ್ ಕೊಡೋದು ಕಣಮ್ಮ. ಇನ್ವರ್ಟ್ ಇಷ್ಟು ಅಂತ ಬರಿ, ಸೈನ್ ಹಾಕು. ಯಾಕಾಯ್ತು, ಯಾರು ಮಾಡಿದ್ರು ಅನ್ನೋದು ಪ್ರೊಡಕ್ಷನ್‌ನವರ ತಲೆನೋವು.”

“ಸಾರ್, ಬರೀ ನಂಬರ್ ಕೊಟ್ರೆ ಅದನ್ನ ಹಿಡ್ಕೊಂಡು ಅವನ ಕೆಲಸ ಕಿತ್ಕೋತಾರೆ. ನಂಬರ್ ನಮ್ಮದು ತಾನೇ?”

ಅವರು ನಶ್ಯದ ಡಬ್ಬಿಯನ್ನು ಕೈಯಲ್ಲೇ ತಿರುಗಿಸಿದರು. ಮೇಲಿನವರನ್ನು ಎದುರು ಹಾಕಿಕೊಂಡು ಅಭ್ಯಾಸವಿಲ್ಲದ ಜೀವ ಅದು. ಕೊನೆಗೆ, “ಶುಂಠಿಗೆ ನಾವು ಹುಳಿ ಹಾಕಲ್ಲ. ಹುಳಿ ನೋಡಿದ್ಯಾ?” ಎಂದರು. ನೋಡಿರಲಿಲ್ಲ. ಅವರ ಮೇಲಿದ್ದ ಸಿಟ್ಟೆಲ್ಲ ನನಗೆ ಅಲ್ಲೇ ಇಳಿದುಹೋಯಿತು.

ಹಬ್ಬಕ್ಕೆ ಮುಂಚಿನ ವಾರದ ಶುಂಠಿ ಕ್ಯಾಂಡಿ ಮಾದರಿ ಲ್ಯಾಬಿನಲ್ಲಿತ್ತು. ಅದನ್ನೂ ಹಬ್ಬದ ಮುನ್ನಾದಿನದ್ದನ್ನೂ ಬೇರೆಬೇರೆ ಕರಗಿಸಿ ಆಮ್ಲ ಅಳೆಯುವ ಮೀಟರ್ ಇಳಿಬಿಟ್ಟೆ. ಮೊದಲನೆಯದು ಸಾಧು, ಹುಳಿಯ ಸುಳಿವೇ ಇಲ್ಲ. ಎರಡನೆಯದರಲ್ಲಿ ಸ್ಪಷ್ಟವಾಗಿ ಹುಳಿ. ನಾಲಿಗೆಗೆ ಗೊತ್ತಾಗದ ಹಾಗೆ ಶುಂಠಿಯ ಖಾರ ಅದನ್ನು ಮುಚ್ಚಿತ್ತು, ಕಣ್ಣಿಗೆ ಗೊತ್ತಾಗದ ಹಾಗೆ ಕಂದು ಬಣ್ಣ ನಿಂಬೆಯ ಹಳದಿಯನ್ನು ನುಂಗಿತ್ತು. ನೀಲಿ ಡ್ರಮ್ಮು ಎಲ್ಲಿ ಹೋಯಿತು ಎನ್ನುವುದಕ್ಕೆ ಉತ್ತರ ಸಿಕ್ಕಿತ್ತು.

ಗೆದ್ದೆ ಅಂದುಕೊಂಡು ದೇವರಾಜ್ ಕೋಣೆಗೆ ಹೋದೆ. ಅವರು ಕೇಳಿಸಿಕೊಂಡು, “ಹಾಗಾದ್ರೆ ಇನ್ನೂ ಕೆಟ್ಟದ್ದು ಕಣ್ರೀ. ಹುಳಿ ಡ್ರಮ್ಮನ್ನ ಯಾರು ಸುರಿದಿದ್ದು? ಅವನೇ ತಾನೇ?” ಎಂದರು. ಸುರಿದವನು ಅವನೇ. ನನ್ನ ಪರೀಕ್ಷೆ ಅವನನ್ನು ಬಾಣಲೆಯಿಂದ ಎತ್ತಿ ಬೆಂಕಿಗೆ ಹಾಕಿತ್ತು.

ಊಟದ ವಿರಾಮದಲ್ಲಿ ಮಲ್ಲಪ್ಪನನ್ನು ಹುಡುಕಿಕೊಂಡು ಹೋದೆ. ಬಾಯ್ಲರ್ ಹಿಂದಿನ ನೆರಳಿನಲ್ಲಿ ರೊಟ್ಟಿ ಬುತ್ತಿ ಬಿಚ್ಚದೆ ಹಾಗೇ ಕೂತಿದ್ದ. ನಾನು ನೇರವಾಗಿಯೇ ಕೇಳಿದೆ, ಹುಳಿ ಡ್ರಮ್ಮು ಯಾಕೆ ಹಾಕಿದೆ ಎಂದು.

“ಕೇಳೇ ಹಾಕೀನ್ರಿ ಅಕ್ಕಾರ” ಎಂದ.

“ಯಾರನ್ನ?”

ಅವನು ಸುತ್ತ ನೋಡಿದ. “ಸಾಹೇಬ್ರನ್ನ. ಕುಂಬಳಕಾಯಿ ಇಳಸಾಕತ್ತಿದ್ರು, ಅವಸರದಾಗಿದ್ರು. ಹುಳೀದೂ ಹಾಕ್ಲೇನ್ರಿ ಅಂದೆ. ಎಲ್ಲಾ ಅಂದ್ರ ಎಲ್ಲಾ, ನಾಳಿಗಿ ಒಂದ ಡ್ರಮ್ಮೂ ಕಾಣಬಾರ್ದು ಅಂದ್ರು. ಹಾಕಿದೆ.”

“ಹಾಗಂತ ಹೇಳೋದಲ್ವಾ ಅವರಿಗೆ?”

“ಬ್ಯಾಡ್ರಿ. ನೀವೂ ಹೇಳಬ್ಯಾಡ್ರಿ, ನಿಮಗ ಕೈ ಮುಗೀತೀನಿ. ಕೆಲಸಾ ಉಳಿಸ್ಕೊಳ್ಳಾಕ ಮ್ಯಾಲಿನವ್ರ ಮ್ಯಾಲೆ ಹಾಕಿದ ಅಂತಾರ. ಅವ್ರಿಗಿ ನೆನಪಿಲ್ಲ ಅಂದ್ರ ನಾ ಸುಳ್ಳ ಆಗ್ತೀನಿ. ಕೆಲಸಾ ಹೋದ್ರ ಬ್ಯಾರೆ ಕಡೆ ಸಿಗತೈತ್ರಿ. ಆದ್ರ ಪಾಕ ಸೀಸಿದ ಅಂತ ಹೆಸರ ತಗೊಂಡು ಹ್ಯಾಂಗ ಹೋಗ್ಲಿ? ನಮ್ಮಪ್ಪ ಸಾಯೂ ತನಕಾ ಒಂದ ಕೊಪ್ಪರಿಗಿ ಸೀಸಿದಾಂವ ಅಲ್ಲ.”

ಅವನ ಕಣ್ಣಲ್ಲಿ ನೀರಿತ್ತು. ಮಾತು ಕೊಟ್ಟೆ, ನಿನ್ನ ಬಾಯಿಂದ ಕೇಳಿದ್ದನ್ನು ಹೇಳುವುದಿಲ್ಲ ಎಂದು. ಕೊಟ್ಟ ಮೇಲೆ ಮುಂದೇನು ಎಂದು ಯೋಚಿಸುತ್ತಾ ಲ್ಯಾಬಿಗೆ ಬಂದೆ. ಬಾಯಿ ಕಟ್ಟಿದೆ, ಕೈ ಕಟ್ಟಿಲ್ಲವಲ್ಲ ಎನ್ನಿಸಿತು.

ಮತ್ತೆ ದೇವರಾಜ್ ಹತ್ತಿರ ಹೋದೆ. “ಸಾರ್, ಕಾರಣ ಬರೆದು ಸೈನ್ ಹಾಕ್ಬೇಕಾದ್ರೆ ನಾನು ಕಣ್ಣಾರೆ ನೋಡ್ಬೇಕು. ಉರಿ ತಪ್ಪಾ, ಹುಳಿ ತಪ್ಪಾ ಅಂತ ಎರಡು ಸಣ್ಣ ಪಾಕ ಮಾಡಿಸ್ತೀನಿ. ಮಲ್ಲಪ್ಪನೇ ಕಾಯಿಸ್ಲಿ. ನೀವೂ ಬನ್ನಿ. ಅಲ್ಲಿ ತನಕ ನಾನು ಸೈನ್ ಹಾಕಲ್ಲ.” ಅವರಿಗೆ ಸಿಟ್ಟು ಬಂತು. ಆದರೆ ಯಂತ್ರ ಕೆಟ್ಟರೆ ಬಿಚ್ಚಿ ನೋಡದೆ ಮಾತಾಡುವ ಇಂಜಿನಿಯರ್ ಅಲ್ಲ ಅವರು. “ಸರಿ, ಮಧ್ಯಾಹ್ನ ಮಾಡಿ, ಬರ್ತೀನಿ” ಎಂದರು.

ಲ್ಯಾಬಿನ ಪಕ್ಕದ ಕೋಣೆಯಲ್ಲಿ ಎರಡು ಚಿಕ್ಕ ಬಾಣಲೆ ಇಟ್ಟೆವು. ಒಂದೇ ಮೂಟೆಯ ಸಕ್ಕರೆ, ಒಂದೇ ಗ್ಲೂಕೋಸ್, ಒಂದೇ ಒಲೆ. ಬಿಳಿ ಡ್ರಮ್ಮಿನ ಒಡಕು ಒಂದು ಬಕೆಟ್ಟಿನಲ್ಲಿ, ನೀಲಿ ಡ್ರಮ್ಮಿನದು ಇನ್ನೊಂದರಲ್ಲಿ. ದೇವರಾಜ್ ಕೈಕಟ್ಟಿ ನಿಂತಿದ್ದರು. ರಾಮಮೂರ್ತಿಗಳೂ ಬಂದು ಮೂಲೆಯ ಸ್ಟೂಲಿನ ಮೇಲೆ ಕೂತರು, ಅದೇ ನನಗೆ ದೊಡ್ಡ ಬಲ. ಮಲ್ಲಪ್ಪ ಮೊದಲ ಬಾಣಲೆ ಏರಿಸಿದ. ಬಿಳಿ ಒಡಕು ಹಾಕಿದ, ಕಾಯಿಸಿದ, ಸರಿಯಾದ ಹದಕ್ಕೆ ಇಳಿಸಿದ. ಥರ್ಮಾಮೀಟರ್ ಹಿಡಿದಿದ್ದ ನಾನು ತಲೆಯಾಡಿಸಿದೆ. ಎರಡನೆಯದು ಏರಿಸಿದ. ಸಕ್ಕರೆ ಕರಗಿತು. ಹುಳಿ ಒಡಕಿನ ಬಕೆಟ್ಟು ಕೈಗೆತ್ತಿಕೊಂಡ. ಸುರಿಯುವ ಮುಂಚೆ ಅಭ್ಯಾಸಬಲದಿಂದ ತಲೆಯೆತ್ತಿ ನೋಡಿದ. ನನ್ನನ್ನಲ್ಲ, ದೇವರಾಜರನ್ನು.

“ಹುಳೀದೂ ಹಾಕ್ಲೇನ್ರಿ ಸಾಹೇಬ್ರ?”

ಇದನ್ನು ನಾನು ಹೇಳಿಕೊಟ್ಟದ್ದಲ್ಲ. ಅವನೂ ಬೇಕೆಂದು ಕೇಳಿದ್ದಲ್ಲ. ಹುಳಿ ಬಕೆಟ್ಟು ಎತ್ತಿದಾಗ ಕೇಳಿಯೇ ಹಾಕಬೇಕು ಎನ್ನುವುದು ಅವನ ಕೈಗೆ ಹತ್ತಿದ ಕ್ರಮ. ಕೇಳಿದ ಮೇಲೆ ಅವನಿಗೇ ತಾನು ಏನಂದೆ ಎಂದು ಹೊಳೆದಿರಬೇಕು, ಮುಖ ಕಪ್ಪಿಟ್ಟಿತು. ದೇವರಾಜ್ ಕಟ್ಟಿದ್ದ ಕೈ ಬಿಚ್ಚಿದರು. ಅವನ ಮುಖವನ್ನೇ ನೋಡುತ್ತಾ ನಿಂತರು. ಆಮೇಲೆ ಬಹಳ ತಗ್ಗಿದ ದನಿಯಲ್ಲಿ “ಹಾಕು” ಎಂದರು. ಪಾಕ ಇಳಿಯುವ ತನಕ ನಿಂತಿದ್ದು ಹೊರಟುಹೋದರು.

ಎರಡೂ ಪಾಕವನ್ನು ಆರಿಸಿ, ತುಂಡು ಮಾಡಿ, ಒಂದೇ ಗಾಜಿನ ಪೆಟ್ಟಿಗೆಯೊಳಗೆ ಬೇರೆ ಬೇರೆ ತಟ್ಟೆಯಲ್ಲಿ ಇಟ್ಟೆ. ತಳಕ್ಕೆ ಒಂದು ಬಟ್ಟಲು ನೀರಿಟ್ಟು ಮುಚ್ಚಳ ಬಿಗಿದೆ. ಪೀಣ್ಯದಲ್ಲಿ ಕೂತು ಮಂಗಳೂರಿನ ಗಾಳಿ ತಯಾರಿಸುವ ಉಪಾಯ ಅದು. ನಿಮಗೂ ಯಾವಾಗಲಾದರೂ ಬೇಕಾದೀತು, ನೆನಪಿಟ್ಟುಕೊಳ್ಳಿ. ಮಾರನೆಯ ಬೆಳಿಗ್ಗೆ ಆ ಪೆಟ್ಟಿಗೆಯನ್ನು ಹಾಗೇ ಎತ್ತಿಕೊಂಡು ಹೋಗಿ ದೇವರಾಜರ ಮೇಜಿನ ಮೇಲಿಟ್ಟೆ. ಮೊದಲ ತಟ್ಟೆಯ ತುಂಡುಗಳು ಅಲುಗಾಡಿಸಿದರೆ ಕಿಣಿಕಿಣಿ ಎಂದವು. ಎರಡನೆಯದು ತಟ್ಟೆ ಓರೆ ಮಾಡಿದರೂ ಅಲುಗಲಿಲ್ಲ, ಕರಗಿ ತಳಕ್ಕೆ ಕಚ್ಚಿತ್ತು. ಎರಡೂ ಮಲ್ಲಪ್ಪನ ಉರಿ, ಮಲ್ಲಪ್ಪನ ಕೈ.

ಜೊತೆಗೆ ನನ್ನ ವರದಿಯನ್ನೂ ಇಟ್ಟೆ. ಇನ್ವರ್ಟ್ ಎಷ್ಟಿದೆ ಎಂದು ಬರೆದಿದ್ದೆ. ಕಾರಣ, ಹುಳಿ ಒಡಕು ಪಾಕದ ಜೊತೆ ಕುದಿದದ್ದು. ಉರಿ ಹೆಚ್ಚಾದದ್ದಲ್ಲ ಎಂದು ಬರೆದಿದ್ದೆ. ಯಾರು ಹೇಳಿದರು ಎಂದು ಬರೆದಿರಲಿಲ್ಲ. ಕೊಟ್ಟ ಮಾತು ಉಳಿಸಿಕೊಂಡಿದ್ದೆ. ಕೆಳಗೆ ನನ್ನ ಸಹಿಯ ಪಕ್ಕದಲ್ಲಿ ರಾಮಮೂರ್ತಿಗಳು ತಾವೇ ಕೇಳಿ ಪಡೆದು ಹಾಕಿದ ಸಹಿ ಇತ್ತು.

ದೇವರಾಜ್ ಓದಿದರು. “ಅವನಿಗೆ ಏನೂ ಆಗಲ್ಲ, ಆ ಪೇಪರ್ ಹರಿದು ಹಾಕ್ತೀನಿ. ಇದು ಇಲ್ಲಿಗೇ ಬಿಟ್ಬಿಡೋಣ” ಎಂದರು.

ಅಲ್ಲಿಗೆ ಸುಮ್ಮನಾಗಬಹುದಿತ್ತು. ಕೆಲಸ ಉಳಿದಿತ್ತು. ಆದರೆ ಬಾಯ್ಲರ್ ಹಿಂದೆ ಅವನು ಅತ್ತದ್ದು ಕೆಲಸಕ್ಕಲ್ಲ. “ಸಾರ್, ಪಾಕ ಸೀಸಿದ ಅಂತ ಅವನಿಗೆ ಇಡೀ ಶಾಪಿನ ಮುಂದೆ ಅಂದಿದ್ದು. ಇಲ್ಲ ಅನ್ನೋದನ್ನ ಈ ರೂಮಲ್ಲಿ ಅಂದ್ರೆ ಅದು ಅವನಿಗೆ ತಲುಪಲ್ಲ” ಎಂದೆ. ಪೆಟ್ಟಿಗೆಯನ್ನೂ ವರದಿಯನ್ನೂ ಅವರ ಮೇಜಿನ ಮೇಲೇ ಬಿಟ್ಟೆ. ನಾನು ಹೊರಗೆ ಬಂದೆ.

ಸ್ವಲ್ಪ ಹೊತ್ತಿನ ಮೇಲೆ ಅವರು ಶಾಪಿಗೆ ಬಂದರು. ಎಂದಿನಂತೆ ನಡೆಯುತ್ತಾ ಮಾತಾಡಲಿಲ್ಲ. ನೇರ ಶುಂಠಿ ಬಾಣಲೆಯ ಹತ್ತಿರ ಹೋಗಿ ನಿಂತರು. ಮಲ್ಲಪ್ಪ ಕುದಿಯುವ ಪಾಕದ ಮೇಲೆ ಬಗ್ಗಿದ್ದ. ಕಾಗದ ಸುತ್ತುವ ಹೆಂಗಸರು, ಟೇಬಲ್ ಮೇಲೆ ಪಾಕ ನಾದುವವರು, ಎಲ್ಲರ ಕೈ ನಿಂತಿತು. ದೇವರಾಜ್ ಎಲ್ಲರಿಗೂ ಕೇಳುವ ಹಾಗೆ ಹೇಳಿದರು.

“ಮಲ್ಲಪ್ಪ, ಆವತ್ತು ನಿನ್ನ ಉರಿ ಸರಿಯಾಗೇ ಇತ್ತು. ಹುಳಿ ಹಾಕ್ಲಾ ಅಂತ ನೀನು ಕೇಳಿದ್ದೆ. ಹಾಕು ಅಂದೋನು ನಾನು. ತಪ್ಪು ನಂದು.”

ಮಲ್ಲಪ್ಪ ತಲೆಯೆತ್ತಲಿಲ್ಲ. ಅವನ ಕಣ್ಣು ಬಾಣಲೆಯ ಮೇಲಿತ್ತು, ಗುಳ್ಳೆಗಳು ಸಣ್ಣಗಾಗಿ ಒತ್ತೊತ್ತಾಗಿ ಏಳುತ್ತಿದ್ದವು. ಇನ್ನೊಂದು ಕ್ಷಣ ತಡೆದರೆ ನಿಜಕ್ಕೂ ಸೀದುಹೋಗುವ ಹದ ಅದು. ಅವನು ಎರಡೂ ಕೈಗೆ ಬಟ್ಟೆ ಸುತ್ತಿಕೊಂಡು ಬಾಣಲೆಯ ಕಿವಿ ಹಿಡಿದ.

“ಪಾಕ ಬಂತ್ರಿ ಸಾಹೇಬ್ರ. ಸ್ವಲ್ಪ ಸರೀರಿ.”

ವರ್ಕ್ಸ್ ಮ್ಯಾನೇಜರ್ ದೇವರಾಜ್ ಎರಡು ಹೆಜ್ಜೆ ಹಿಂದೆ ಸರಿದು ಅವನಿಗೆ ದಾರಿ ಬಿಟ್ಟರು.